ಆಕ್ಸಿಮೀಟರ್ ಒಮ್ಮೆ 96, ಒಮ್ಮೆ 89 ತೋರಿಸಿದರೆ ಯಾವುದನ್ನು ನಂಬಬೇಕು?

ಪ್ರಶ್ನೆ: ನಮ್ಮ ತಾಯಿಗೆ 68 ವರ್ಷ. ಬಹಳ ವರ್ಷ ಸೌದೆ ಒಲೆಯ ಮುಂದೆ ಅಡುಗೆ ಮಾಡಿದವರು. ಸಿಒಪಿಡಿ (ಶ್ವಾಸನಾಳಗಳು ಕಿರಿದಾಗಿ ಉಸಿರಾಟ ಕಷ್ಟವಾಗುವ ದೀರ್ಘಕಾಲದ ಕಾಯಿಲೆ) ಇದೆ ಎಂದು ಡಾಕ್ಟರ್ ಹೇಳಿದ್ದಾರೆ, ಇನ್ಹೇಲರ್ ಮತ್ತು ನೆಬ್ಯುಲೈಸರ್ ನಡೆಯುತ್ತಿದೆ. ಈಚೆಗೆ ಮನೆಗೆ, ಗಾಳಿಯಿಂದ ಆಕ್ಸಿಜನ್ ಬೇರ್ಪಡಿಸಿ ಕೊಡುವ ಕಾನ್ಸಂಟ್ರೇಟರ್ ಕೂಡ ತಂದಿದ್ದೇವೆ. ರಕ್ತದಲ್ಲಿ ಆಕ್ಸಿಜನ್ ಶೇಕಡಾ ಎಷ್ಟು ತುಂಬಿದೆ ಎಂದು ಅಳೆಯಲು ಬೆರಳಿಗೆ ಹಾಕುವ ಆಕ್ಸಿಮೀಟರ್ ಒಮ್ಮೆ 96 ತೋರಿಸುತ್ತದೆ, ಎರಡು ನಿಮಿಷ ಬಿಟ್ಟು 89, ಇನ್ನೊಂದು ಬೆರಳಿಗೆ ಹಾಕಿದರೆ 93. ಭಯಕ್ಕೆ ರಾತ್ರಿ ಎರಡು ಗಂಟೆಗೆ ಎದ್ದೂ ನೋಡುತ್ತೇವೆ. ಯಾವ ಅಂಕಿ ಸರಿ? ನಾಡಿ, ಉಸಿರು ಇವನ್ನೂ ನಾವೇ ನೋಡಬಹುದೇ? ಮನೆಯಲ್ಲಿ ಒಂದೂವರೆ ವರ್ಷದ ಮಗುವೂ ಇದೆ, ಜ್ವರ ಬಂದಾಗ ಅದೇ ಯಂತ್ರ ಹಾಕಬಹುದೇ?

ಉತ್ತರ: ನೋಡಬಹುದು, ನೋಡಲೇಬೇಕು. ಆದರೆ ಈಗ ನೀವು ಮಾಡುತ್ತಿರುವ ಕ್ರಮ ತಿರುಗುಮುರುಗಾಗಿದೆ. ಮೊದಲು ಉಸಿರು ಎಣಿಸಿ, ಆಮೇಲೆ ಕೈಯಿಂದ ನಾಡಿ ನೋಡಿ, ಕೊನೆಗೆ ಯಂತ್ರ ಹಾಕಿ. ದೇಹ ಕಷ್ಟಕ್ಕೆ ಸಿಕ್ಕಾಗ ಸಾಮಾನ್ಯವಾಗಿ ಮೊದಲು ಏರುವುದು ಉಸಿರಿನ ವೇಗ. ಉಸಿರು ಜೋರು ಮಾಡಿ, ಹೃದಯವನ್ನು ಓಡಿಸಿ ದೇಹ ರಕ್ತದ ಆಕ್ಸಿಜನ್ನನ್ನು ಎಷ್ಟೋ ಹೊತ್ತು ಹಿಡಿದಿಟ್ಟುಕೊಳ್ಳುತ್ತದೆ. ಯಂತ್ರದ ಅಂಕಿ ಬೀಳುವಷ್ಟರಲ್ಲಿ ಆ ಶಕ್ತಿ ಖರ್ಚಾಗಿರುತ್ತದೆ. ಜೊತೆಗೆ, ಯಂತ್ರ ನಿಜ ಹೇಳುತ್ತಿದೆಯೋ ಇಲ್ಲವೋ ಎಂದು ಪರೀಕ್ಷಿಸಲು ಮನೆಯಲ್ಲಿ ಇರುವ ಒಳ್ಳೆಯ ಸಾಧನ ನಿಮ್ಮದೇ ಎರಡು ಬೆರಳು. ಅದು ಹೇಗೆಂದು ಮುಂದೆ ಹೇಳುತ್ತೇವೆ.

ತಾಯಿ ನಡೆದು ಬಂದಿದ್ದರೆ, ಊಟ ಮುಗಿಸಿದ್ದರೆ, ಕೆಮ್ಮಿದ್ದರೆ ಐದು ನಿಮಿಷ ಸುಮ್ಮನೆ ಕೂರಿಸಿ. ನೆಬ್ಯುಲೈಸರ್ ಆಗಿದ್ದರೆ ಅರ್ಧ ಗಂಟೆ ಬಿಡಿ. ಅದರಲ್ಲಿ ಸಾಮಾನ್ಯವಾಗಿ ಹಾಕುವ ಸಾಲ್ಬ್ಯುಟಮಾಲ್ ಔಷಧಿ ನಾಡಿಯನ್ನು ಏರಿಸುತ್ತದೆ, ಕೈಯನ್ನೂ ಸ್ವಲ್ಪ ನಡುಗಿಸುತ್ತದೆ, ಆ ನಡುಕ ಆಕ್ಸಿಮೀಟರನ್ನು ಕೆಡಿಸುತ್ತದೆ. ಬೆನ್ನಿಗೆ ಒರಗು ಕೊಟ್ಟು, ಕೈಯನ್ನು ಎದೆಯ ಮಟ್ಟಕ್ಕೆ ದಿಂಬಿನ ಮೇಲೆ ಇಡಿಸಿ. (ಉಸಿರಾಡಲು ಆಗುತ್ತಿಲ್ಲ ಎಂದು ಅವರು ಒದ್ದಾಡುತ್ತಿದ್ದರೆ ಈ ಯಾವ ಕಾಯುವಿಕೆಯೂ ಬೇಡ.)

ಉಸಿರು ಎಣಿಸುತ್ತಿದ್ದೇನೆ ಎಂದು ಅವರಿಗೆ ಹೇಳಬೇಡಿ. ಯಾರೋ ನೋಡುತ್ತಿದ್ದಾರೆ ಎಂದು ಗೊತ್ತಾದ ಕೂಡಲೇ ಉಸಿರಾಟ ಬದಲಾಗುತ್ತದೆ. ನಾಡಿ ನೋಡುವವರಂತೆ ಮಣಿಕಟ್ಟು ಹಿಡಿದುಕೊಂಡು, ಅವರ ಅದೇ ಕೈಯನ್ನು ಹೊಟ್ಟೆಯ ಮೇಲ್ಭಾಗದ ಮೇಲೆ ಇರಿಸಿ. ಸೆರಗು, ಶಾಲು ಇದ್ದರೆ ಎದೆಯ ಚಲನೆ ಕಣ್ಣಿಗೆ ಕಾಣುವುದಿಲ್ಲ, ಆದರೆ ಆ ಕೈ ಏಳುವುದು, ಇಳಿಯುವುದು ಸ್ಪಷ್ಟವಾಗಿ ಕಾಣುತ್ತದೆ. ಒಂದು ಏರು, ಒಂದು ಇಳಿ ಸೇರಿ ಒಂದು ಉಸಿರು. ಪೂರ್ತಿ ಒಂದು ನಿಮಿಷ ಎಣಿಸಿ. ಹದಿನೈದು ಸೆಕೆಂಡು ಎಣಿಸಿ ನಾಲ್ಕರಿಂದ ಗುಣಿಸಿದರೆ, ಒಂದು ಉಸಿರು ತಪ್ಪಿದರೂ ಲೆಕ್ಕದಲ್ಲಿ ನಾಲ್ಕು ತಪ್ಪುತ್ತದೆ. 16 ಮತ್ತು 20ರ ನಡುವೆ ಅದು ದೊಡ್ಡ ವ್ಯತ್ಯಾಸವೇನಲ್ಲ, 22 ಮತ್ತು 26ರ ನಡುವೆ ಬಹಳ ದೊಡ್ಡದು.

ವಿಶ್ರಾಂತಿಯಲ್ಲಿರುವ ದೊಡ್ಡವರಿಗೆ ನಿಮಿಷಕ್ಕೆ 12ರಿಂದ 20 ಉಸಿರು ಸಹಜ. ಸಿಒಪಿಡಿ ಇರುವವರಲ್ಲಿ ಒಳ್ಳೆಯ ದಿನದಲ್ಲೂ 20, 22 ಇರಬಹುದು. ಬ್ರಿಟನ್ನಿನ ರಾಯಲ್ ಕಾಲೇಜ್ ಆಫ್ ಫಿಜಿಶಿಯನ್ಸ್ 2017ರಲ್ಲಿ ಪರಿಷ್ಕರಿಸಿದ, ಅಲ್ಲಿನ ಆಸ್ಪತ್ರೆಗಳಲ್ಲಿ ಬಳಸುವ ಎಚ್ಚರಿಕೆಯ ಅಂಕಪಟ್ಟಿಯಲ್ಲಿ ನಿಮಿಷಕ್ಕೆ 21ರಿಂದ 24 ಉಸಿರಿಗೆ 2 ಅಂಕ, 25 ಅಥವಾ ಅದಕ್ಕಿಂತ ಹೆಚ್ಚಿದ್ದರೆ 3 ಅಂಕ. ಒಂದೇ ಲಕ್ಷಣಕ್ಕೆ ಆ ಪಟ್ಟಿಯಲ್ಲಿ ಕೊಡುವ ಅತಿ ಹೆಚ್ಚಿನ ಅಂಕವೇ 3. ಉಸಿರು 8 ಅಥವಾ ಅದಕ್ಕಿಂತ ಕಡಿಮೆಯಾದರೂ ಅಷ್ಟೇ ಅಂಕ. ದಮ್ಮು ಇರುವವರು ಏದುಸಿರು ಬಿಡುತ್ತಿದ್ದು ಇದ್ದಕ್ಕಿದ್ದಂತೆ ನಿಧಾನವಾಗಿ ತೂಕಡಿಸತೊಡಗಿದರೆ ಮನೆಯವರು "ಸದ್ಯ, ಸಮಾಧಾನವಾಯಿತು" ಅಂದುಕೊಳ್ಳುತ್ತಾರೆ. ಎಷ್ಟೋ ಸಲ ಅದು ಉಸಿರಾಟದ ಸ್ನಾಯುಗಳು ಸೋತ ಗುರುತು.

ಎಣಿಕೆಯ ಜೊತೆಗೆ ಉಸಿರಿನ ರೀತಿಯನ್ನೂ ನೋಡಿ. ಉಸಿರೆಳೆದಾಗ ಕೊರಳ ಬುಡದ ಕುಳಿ ಒಳಕ್ಕೆ ಹೋಗುತ್ತದೆಯೇ? ಕುತ್ತಿಗೆಯ ಪಕ್ಕದ ಸ್ನಾಯುಗಳು ಹಗ್ಗದಂತೆ ಎದ್ದು ಕಾಣುತ್ತವೆಯೇ? ಒಲೆ ಊದುವವರ ಹಾಗೆ ತುಟಿ ಮುಂದೆ ಮಾಡಿ ಉಸಿರು ಬಿಡುತ್ತಿದ್ದಾರೆಯೇ? ಈ ಕೊನೆಯದನ್ನು ಸಿಒಪಿಡಿ ಇರುವವರು ತಾವಾಗಿಯೇ ಕಲಿತುಕೊಳ್ಳುತ್ತಾರೆ. ಹಾಗೆ ಊದಿದಾಗ ಸಣ್ಣ ಶ್ವಾಸನಾಳಗಳು ಬೇಗ ಮುಚ್ಚಿಕೊಳ್ಳದೆ ಗಾಳಿ ಪೂರ್ತಿ ಹೊರಬರುತ್ತದೆ. ಅದನ್ನು ತಡೆಯಬೇಡಿ. ಆದರೆ ಸುಮ್ಮನೆ ಕೂತಿದ್ದಾಗಲೂ ಅದು ಶುರುವಾಗಿದ್ದರೆ ಗಮನಿಸಿ. ಇನ್ನೊಂದು ಸುಲಭದ ಪರೀಕ್ಷೆ ಮಾತು. "ಬೆಳಿಗ್ಗೆ ಏನು ತಿಂದಿರಿ, ಯಾರು ಬಂದಿದ್ದರು" ಎಂದು ಕೇಳಿ. ಒಂದು ವಾಕ್ಯ ಮುಗಿಸಲು ಮಧ್ಯೆ ಎರಡು ಮೂರು ಸಲ ಉಸಿರು ಬೇಕಾದರೆ, ಯಂತ್ರ ಏನೇ ತೋರಿಸಲಿ, ಅವರು ಚೆನ್ನಾಗಿಲ್ಲ.

ಈಗ ನಾಡಿ. ಅಂಗೈ ಮೇಲೆ ಮಾಡಿಸಿ. ಹೆಬ್ಬೆರಳಿನ ಬುಡದಿಂದ ಮೊಣಕೈ ಕಡೆಗೆ ಎರಡು ಬೆರಳಗಲ ಜರುಗಿದರೆ ಹೊರಗಡೆ ಒಂದು ಮೂಳೆ, ಒಳಗಡೆ ಹುರಿಯಂತೆ ಬಿಗಿಯಾದ ಒಂದು ಕಂಡರ (ಸ್ನಾಯುವನ್ನು ಮೂಳೆಗೆ ಕಟ್ಟುವ ಹುರಿ) ಸಿಗುತ್ತದೆ. ಎರಡರ ನಡುವಿನ ಸಣ್ಣ ಕಾಲುವೆಯಲ್ಲಿ ನಾಡಿ ಬಡಿಯುತ್ತದೆ. ತೋರುಬೆರಳು ಮತ್ತು ನಡುಬೆರಳಿನ ತುದಿಯನ್ನು ಅಲ್ಲಿ ಹಗುರವಾಗಿ ಇಟ್ಟು ನಿಧಾನವಾಗಿ ಒತ್ತುತ್ತ ಹೋಗಿ. ಬಡಿತ ಸಿಕ್ಕಿದಲ್ಲಿ ನಿಲ್ಲಿಸಿ. ಇನ್ನೂ ಒತ್ತಿದರೆ ರಕ್ತನಾಳ ಮುಚ್ಚಿ ಬಡಿತ ಮಾಯವಾಗುತ್ತದೆ, ನಾಡಿ ಸಿಗುತ್ತಿಲ್ಲ ಎಂದು ಗಾಬರಿ ಬೀಳುವವರಲ್ಲಿ ಹೆಚ್ಚಿನವರು ಮಾಡುವ ತಪ್ಪು ಇದೇ. ಹೆಬ್ಬೆರಳಿನಿಂದ ನೋಡಬೇಡಿ, ಅದರೊಳಗೇ ಸ್ವಂತ ಬಡಿತ ಜೋರಾಗಿರುವುದರಿಂದ ನಿಮ್ಮ ನಾಡಿಯನ್ನೇ ಎಣಿಸಿಬಿಡುತ್ತೀರಿ. ಕುತ್ತಿಗೆಯಲ್ಲಿ ನೋಡುವ ಅಗತ್ಯ ವಯಸ್ಸಾದವರಲ್ಲಿ ಬೇಡ. ಬೇಕೇ ಬೇಕಾದರೂ ಎರಡೂ ಕಡೆ ಒಟ್ಟಿಗೆ ಒತ್ತಬಾರದು.

ಗಡಿಯಾರ ನೋಡಿ ಶುರುಮಾಡುವಾಗ ಮೊದಲ ಬಡಿತವನ್ನು ಸೊನ್ನೆ ಎಂದು ಎಣಿಸಿ. ತಾಳ ಸಮವಾಗಿದ್ದರೆ 30 ಸೆಕೆಂಡು ಎಣಿಸಿ ಎರಡರಿಂದ ಗುಣಿಸಿ. ತಾಳ ತಪ್ಪಿದರೆ ಪೂರ್ತಿ ನಿಮಿಷ ಎಣಿಸಿ. ದೊಡ್ಡವರಿಗೆ ವಿಶ್ರಾಂತಿಯಲ್ಲಿ 60ರಿಂದ 100 ಸಹಜ. ಬಿಪಿಗೆ, ಹೃದಯಕ್ಕೆ ಕೊಡುವ ಮೆಟೊಪ್ರೊಲಾಲ್, ಅಟೆನೊಲಾಲ್‌ನಂಥ ಮಾತ್ರೆ ತೆಗೆದುಕೊಳ್ಳುವವರಿಗೆ 55ರ ಆಸುಪಾಸು ಇರುವುದುಂಟು. ಅಂಥವರಲ್ಲಿ ಜ್ವರ ಬಂದರೂ, ಆಕ್ಸಿಜನ್ ಇಳಿದರೂ ನಾಡಿ ಏರಬೇಕಾದಷ್ಟು ಏರುವುದಿಲ್ಲ, ಹಾಗಾಗಿ "ನಾಡಿ 80 ಇದೆಯಲ್ಲ" ಎಂಬ ಸಮಾಧಾನ ಅವರ ಮಟ್ಟಿಗೆ ನಿಲ್ಲುವುದಿಲ್ಲ. ಜ್ವರ ಒಂದು ಡಿಗ್ರಿ ಸೆಲ್ಸಿಯಸ್ ಏರಿದರೆ ನಾಡಿ ಸುಮಾರು ಹತ್ತು ಏರುತ್ತದೆ ಎಂಬ ಲೆಕ್ಕ ನೆನಪಿರಲಿ. ಅದಕ್ಕಿಂತ ತುಂಬಾ ಹೆಚ್ಚು ಏರಿದ್ದರೆ ಜ್ವರದ ಜೊತೆಗೆ ಬೇರೇನೋ ಇದೆ.

ಸಂಖ್ಯೆಗಿಂತ ತಾಳದ ಮೇಲೆ ಹೆಚ್ಚು ಗಮನ ಕೊಡಿ. ಸಮವಾಗಿ ಬಡಿಯುತ್ತಾ ಅಪರೂಪಕ್ಕೆ ಒಂದು ಬಡಿತ ತಪ್ಪುವುದು ಹಲವರಲ್ಲಿ ಇದ್ದದ್ದೇ. ಆದರೆ ಒಂದಕ್ಕೊಂದು ಸಂಬಂಧವೇ ಇಲ್ಲದಂತೆ, ಒಂದು ಜೋರು ಒಂದು ಮೆಲ್ಲಗೆ, ಎರಡು ಹತ್ತಿರ ಒಂದು ದೂರ, ಹೀಗೆ ಯಾವ ಲೆಕ್ಕಕ್ಕೂ ಸಿಗದೆ ಬಡಿದರೆ ಅದು ಏಟ್ರಿಯಲ್ ಫಿಬ್ರಿಲೇಶನ್ (ಹೃದಯದ ಮೇಲಿನ ಕೋಣೆಗಳು ತಾಳತಪ್ಪಿ ಅದುರುವ ತೊಂದರೆ) ಇರಬಹುದು. ಸಿಒಪಿಡಿ ಇರುವ ವಯಸ್ಸಾದವರಲ್ಲಿ ಇದು ಅಪರೂಪವೇನಲ್ಲ. ಇದರಿಂದ ಪಾರ್ಶ್ವವಾಯುವಿನ ಅಪಾಯ ಸುಮಾರು ಐದು ಪಟ್ಟು ಹೆಚ್ಚುತ್ತದೆ, ಮತ್ತು ರಕ್ತ ತೆಳುವಾಗಿಸುವ ಮಾತ್ರೆಯಿಂದ ಅದನ್ನು ಬಹುಮಟ್ಟಿಗೆ ತಪ್ಪಿಸಬಹುದು. ಇಸಿಜಿ ಒಂದೇ ಅದನ್ನು ಖಚಿತ ಮಾಡುವುದು. ಬೇರೆ ತೊಂದರೆ ಇಲ್ಲದಿದ್ದರೂ ಅದೇ ವಾರ ಮಾಡಿಸಿ. ಬೆರಳಿನ ಯಂತ್ರ ಈ ತಾಳತಪ್ಪನ್ನು ಹೇಳುವುದಿಲ್ಲ, ಸರಾಸರಿ ತೆಗೆದು ನಾಡಿ 88 ಎಂದೋ 92 ಎಂದೋ ಅಚ್ಚುಕಟ್ಟಾದ ಒಂದು ಸಂಖ್ಯೆ ಕೊಟ್ಟುಬಿಡುತ್ತದೆ. ಕೈಯಿಂದ ನಾಡಿ ನೋಡಬೇಕು ಎಂದು ಇಷ್ಟು ಒತ್ತಿ ಹೇಳುವುದಕ್ಕೆ ಇದೂ ಒಂದು ಕಾರಣ.

ಇನ್ನು ನಿಮ್ಮ 96, 89, 93. ಆಕ್ಸಿಮೀಟರ್ ಕೆಲಸ ಮಾಡುವುದು ಹೀಗೆ: ಅದರ ಒಂದು ಬದಿಯಲ್ಲಿ ಎರಡು ದೀಪ, ಒಂದು ಸುಮಾರು 660 ನ್ಯಾನೊಮೀಟರ್ ಅಲೆಯುದ್ದದ ಕೆಂಪು, ಇನ್ನೊಂದು ಸುಮಾರು 940ರ ಕಣ್ಣಿಗೆ ಕಾಣದ ಅವಕೆಂಪು. ಆಕ್ಸಿಜನ್ ಹೊತ್ತ ರಕ್ತ ಅವಕೆಂಪನ್ನು ಹೆಚ್ಚು ಹೀರುತ್ತದೆ, ಆಕ್ಸಿಜನ್ ಕಳೆದುಕೊಂಡ ರಕ್ತ ಕೆಂಪನ್ನು ಹೆಚ್ಚು ಹೀರುತ್ತದೆ. ಚರ್ಮ, ಮೂಳೆ, ಉಗುರು ಕೂಡ ಬೆಳಕು ಹೀರುತ್ತವಲ್ಲ, ಅದನ್ನು ಹೇಗೆ ಬೇರ್ಪಡಿಸುವುದು? ಜಪಾನಿನ ತಾಕುಓ ಅಓಯಾಗಿ 1970ರ ದಶಕದ ಆರಂಭದಲ್ಲಿ ಕಂಡುಕೊಂಡ ಉಪಾಯ ಇದು: ಪ್ರತಿ ನಾಡಿಬಡಿತಕ್ಕೆ ಏರಿಳಿಯುವ ಭಾಗವನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಳ್ಳುವುದು. ಮೂಳೆ ಏರಿಳಿಯುವುದಿಲ್ಲ, ರಕ್ತ ಏರಿಳಿಯುತ್ತದೆ.

ಯಂತ್ರದ ಎಲ್ಲ ಬಲವೂ ಎಲ್ಲ ದೌರ್ಬಲ್ಯವೂ ಇದರಲ್ಲೇ ಇದೆ. ಬೆರಳಲ್ಲಿ ಬಡಿತ ಚೆನ್ನಾಗಿದ್ದರೆ ಲೆಕ್ಕ ಸರಿ. ಬೆರಳು ತಣ್ಣಗಾಗಿ ರಕ್ತ ಕಡಿಮೆಯಾಗಿದ್ದರೆ, ಕೈ ನಡುಗುತ್ತಿದ್ದರೆ, ಯಂತ್ರಕ್ಕೆ ಸಿಗುವುದು ಬಡಿತಕ್ಕಿಂತ ಹೆಚ್ಚು ಗದ್ದಲ. ಗದ್ದಲ ಎರಡೂ ದೀಪಗಳಲ್ಲಿ ಸಮವಾಗಿ ಬಿದ್ದಾಗ ಲೆಕ್ಕ ಸುಮಾರು 85ರ ಕಡೆಗೆ ಜಾರುತ್ತದೆ, ಯಂತ್ರದ ಸೂತ್ರ ಹಾಗಿದೆ. ಆದ್ದರಿಂದ ತಣ್ಣಗಿನ ಬೆರಳಿಗೆ ಹಾಕಿದ ಕೂಡಲೇ 85, 87, 89 ಕಂಡರೆ ಅದು ನಿಜವೂ ಇರಬಹುದು, ಗದ್ದಲವೂ ಇರಬಹುದು. ಬೇರ್ಪಡಿಸುವ ದಾರಿ ಇದು.

ಕೈಗಳನ್ನು ಉಜ್ಜಿ, ಅಥವಾ ಬೆಚ್ಚಗಿನ ನೀರಲ್ಲಿ ಅದ್ದಿ ಒರೆಸಿ, ಬೆರಳು ಬೆಚ್ಚಗಾಗಲಿ. ಮಲೆನಾಡಿನ ಮಳೆಗಾಲದಲ್ಲಿ, ಚಳಿಗಾಲದ ಬೆಳಗಿನಲ್ಲಿ ಇದೊಂದರಿಂದಲೇ ಅರ್ಧ ಗೊಂದಲ ಬಗೆಹರಿಯುತ್ತದೆ. ನೇಲ್ ಪಾಲಿಶ್ ಇದ್ದರೆ ತೆಗೆಯಿರಿ. ಬೆರಳ ತುದಿಗೆ ಟೋಪಿಯ ಹಾಗೆ ಮದರಂಗಿ ಹಚ್ಚಿಕೊಂಡಿದ್ದರೆ, ಕೆಂಪು ಮದರಂಗಿ ಅಷ್ಟೇನೂ ತೊಂದರೆ ಕೊಡುವುದಿಲ್ಲ, ಕಪ್ಪಾಗಿ ಹಿಡಿದದ್ದು ಬೆಳಕನ್ನು ತಡೆಯಬಹುದು, ಹಚ್ಚದ ಬೆರಳನ್ನು ಆರಿಸಿ. ನಡುಬೆರಳು ಅಥವಾ ತೋರುಬೆರಳನ್ನು ಉಗುರು ಮೇಲೆ ಬರುವಂತೆ, ತುದಿ ಒಳಗಿನ ಗೋಡೆಗೆ ತಾಗುವವರೆಗೆ ಹಾಕಿ. ಉಗುರು ಉದ್ದವಿದ್ದರೆ ಬೆರಳು ಪೂರ್ತಿ ಒಳಗೆ ಹೋಗದೆ ಬೆಳಕು ಪಕ್ಕದಿಂದ ನುಸುಳುತ್ತದೆ. ಕಿಟಕಿಯ ಬಿಸಿಲು ನೇರವಾಗಿ ಬೀಳದಿರಲಿ. ಅದೇ ತೋಳಿಗೆ ಬಿಪಿ ಪಟ್ಟಿ ಕಟ್ಟಿ ಗಾಳಿ ತುಂಬುತ್ತಿದ್ದರೆ ರಕ್ತ ನಿಂತು ಅಂಕಿ ಬೀಳುತ್ತದೆ, ಯಂತ್ರ ಇನ್ನೊಂದು ಕೈಗಿರಲಿ. ಹಾಕಿದ ಮೇಲೆ ಮಾತಾಡಿಸಬೇಡಿ, ಕನಿಷ್ಠ ಒಂದು ನಿಮಿಷ ಬಿಡಿ. ಮೊದಲು ಮೂಡುವ ಅಂಕಿಗೆ ಬೆಲೆ ಇಲ್ಲ. ಐದು ಸೆಕೆಂಡು ಅಲುಗಾಡದೆ ನಿಂತ ಅಂಕಿಯನ್ನು ಬರೆದುಕೊಳ್ಳಿ.

ಬರೆಯುವ ಮೊದಲು ಎರಡು ಸಂಗತಿ ನೋಡಿ. ಪರದೆಯ ಮೇಲೆ ಅಲೆಯೋ, ಏರಿಳಿಯುವ ಕಂಬವೋ ಇರುತ್ತದೆ. ಒಂದೇ ಆಕಾರದ ಅಲೆ ಒಂದರ ಹಿಂದೆ ಒಂದು ಬರುತ್ತಿದ್ದರೆ ಸಂಕೇತ ಚೆನ್ನಾಗಿದೆ. ಗೀಚಿದ ಹಾಗೆ ಅಡ್ಡಾದಿಡ್ಡಿ ಇದ್ದರೆ ಅಂಕಿ ನಂಬಬೇಡಿ. ಎರಡನೆಯದು ನಾಡಿ. ಯಂತ್ರ ತೋರಿಸುವ ನಾಡಿಯ ಸಂಖ್ಯೆಯನ್ನು ಇನ್ನೊಂದು ಕೈಯಲ್ಲಿ ನೀವು ಎಣಿಸಿದ್ದರ ಜೊತೆ ಹೋಲಿಸಿ. ನೀವು ಎಣಿಸಿದ್ದು 92, ಯಂತ್ರ 90 ಎಂದರೆ ಅದು ನಿಜವಾದ ಬಡಿತವನ್ನೇ ಹಿಡಿದಿದೆ, ಆಗ ಆಕ್ಸಿಜನ್ ಅಂಕಿಯನ್ನೂ ಗಂಭೀರವಾಗಿ ತೆಗೆದುಕೊಳ್ಳಿ. ನೀವು 92, ಯಂತ್ರ 131 ಅಥವಾ 60 ಎಂದರೆ ಅದು ಬೇರೇನನ್ನೋ ಎಣಿಸುತ್ತಿದೆ, ಆಕ್ಸಿಜನ್ ಅಂಕಿಗೂ ಅರ್ಥವಿಲ್ಲ. ತಾಳ ತಪ್ಪಿದ ನಾಡಿಯಲ್ಲಿ ಮಾತ್ರ ಸ್ವಲ್ಪ ವ್ಯತ್ಯಾಸ ಇದ್ದೇ ಇರುತ್ತದೆ.

ಇಷ್ಟೆಲ್ಲ ಸರಿಯಿದ್ದರೂ ಒಳ್ಳೆಯ ಯಂತ್ರದಲ್ಲೂ ಎರಡು ಅಂಕಿ ಆಚೆ ಈಚೆ ಇರುವುದು ಸಹಜ. 92 ಮತ್ತು 94 ನಡುವೆ ತಲೆ ಕೆಡಿಸಿಕೊಳ್ಳಬೇಡಿ. ಒಂದು ಮಾತು ನಮ್ಮವರಿಗೆ ಮುಖ್ಯ: 2020ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಅಧ್ಯಯನವೊಂದು, ಆಕ್ಸಿಮೀಟರ್ ಚೆನ್ನಾಗಿದೆ ಎಂದು ತೋರಿಸಿಯೂ ರಕ್ತಪರೀಕ್ಷೆಯಲ್ಲಿ ಆಕ್ಸಿಜನ್ ನಿಜಕ್ಕೂ ಕಡಿಮೆ ಇದ್ದ ಪ್ರಸಂಗಗಳು ಬಿಳಿಯರಿಗಿಂತ ಕಪ್ಪು ಜನರಲ್ಲಿ ಸುಮಾರು ಮೂರು ಪಟ್ಟು ಹೆಚ್ಚು ಎಂದು ಕಂಡುಕೊಂಡಿತು. ಗಾಢ ಬಣ್ಣದ ಚರ್ಮದಲ್ಲಿ ಯಂತ್ರ ಇರುವುದಕ್ಕಿಂತ ಸ್ವಲ್ಪ ಹೆಚ್ಚು ತೋರಿಸುವ ಸಂಭವ ಇದೆ. ಹಾಗಾಗಿ 94 ಎಂದು ತೋರಿಸುತ್ತಿದ್ದು ಉಸಿರು 28 ಇದ್ದರೆ, ಉಸಿರನ್ನು ನಂಬಿ. ಮುಂದಿನ ಸಲ ಆಸ್ಪತ್ರೆಗೆ ಹೋಗುವಾಗ ನಿಮ್ಮ ಯಂತ್ರವನ್ನೂ ಒಯ್ದು, ಅಲ್ಲಿನದರ ಪಕ್ಕದಲ್ಲೇ ಹಾಕಿ ನೋಡಿ.

ಯಂತ್ರ ಪೂರ್ತಿ ಮೋಸಹೋಗುವ ಸಂದರ್ಭವೂ ಒಂದಿದೆ, ಇದು ಪ್ರಾಣದ ಪ್ರಶ್ನೆ. ಮುಚ್ಚಿದ ಬಚ್ಚಲುಮನೆಯಲ್ಲಿ ಗ್ಯಾಸ್ ಗೀಸರ್, ಚಳಿಗೆಂದು ಕೋಣೆಯೊಳಗೆ ಇಟ್ಟ ಕೆಂಡ, ಹೊಗೆ ಹೊರಹೋಗದ ಹಂಡೆ ಒಲೆ, ಇವುಗಳಿಂದ ಕಾರ್ಬನ್ ಮೊನಾಕ್ಸೈಡ್ ಹುಟ್ಟುತ್ತದೆ. ಅದು ಹಿಡಿದುಕೊಂಡ ರಕ್ತ ಕೆಂಪು ಬೆಳಕಿಗೆ ಆಕ್ಸಿಜನ್ ತುಂಬಿದ ರಕ್ತದಂತೆಯೇ ಕಾಣುತ್ತದೆ. ವ್ಯಕ್ತಿ ತಲೆನೋವು, ವಾಂತಿ, ಮಂಪರಿನಲ್ಲಿದ್ದರೂ ಆಕ್ಸಿಮೀಟರ್ 98 ತೋರಿಸುತ್ತದೆ. ಅಲ್ಲಿ ಅಂಕಿ ನೋಡುತ್ತ ನಿಲ್ಲಬೇಡಿ, ಬಾಗಿಲು ತೆರೆದು ಹೊರಗೆ ತಂದು ಆಸ್ಪತ್ರೆಗೆ ಒಯ್ಯಿರಿ. ತೀವ್ರ ರಕ್ತಹೀನತೆಯದೂ ಹೀಗೆಯೇ ಒಂದು ಮರೆ. ಇರುವ ಕೊಂಚ ಹಿಮೋಗ್ಲೋಬಿನ್ ಪೂರ್ತಿ ತುಂಬಿದ್ದರೆ ಅಂಕಿ 99 ಬರುತ್ತದೆ, ದೇಹಕ್ಕೆ ಸಿಗುವ ಆಕ್ಸಿಜನ್ ಮಾತ್ರ ಕಡಿಮೆ.

ನಿಮ್ಮ ತಾಯಿಗೆ ಎಷ್ಟಿರಬೇಕು? ಶ್ವಾಸಕೋಶ ಗಟ್ಟಿಯಿರುವವರಿಗೆ 95 ಅಥವಾ ಅದಕ್ಕಿಂತ ಮೇಲೆ ಸಹಜ. 92ರಿಂದ 94ಕ್ಕೆ ಇಳಿದು ಅಲ್ಲೇ ನಿಂತರೆ ಅದೇ ದಿನ ಡಾಕ್ಟರಿಗೆ ತಿಳಿಸಬೇಕು, ಅದಕ್ಕೂ ಕೆಳಗಿಳಿದರೆ ಆಸ್ಪತ್ರೆಗೆ ಹೋಗಬೇಕು. ಸಿಒಪಿಡಿಯಲ್ಲಿ ಲೆಕ್ಕ ಬೇರೆ. ಅನೇಕರಿಗೆ ಒಳ್ಳೆಯ ದಿನದಲ್ಲೂ 90ರಿಂದ 93 ಇರುತ್ತದೆ. ಅವರಲ್ಲಿ ಕೆಲವರ ದೇಹ ಇಂಗಾಲದ ಡೈಆಕ್ಸೈಡನ್ನು ಪೂರ್ತಿ ಹೊರಹಾಕಲಾರದು, ಅಂಥವರಿಗೆ ಆಕ್ಸಿಜನ್ ಕೊಡುವಾಗ ಗುರಿ 88ರಿಂದ 92. ಕಾನ್ಸಂಟ್ರೇಟರ್ ಮನೆಯಲ್ಲಿದೆ ಎಂದು 98 ಬರುವವರೆಗೆ ಗುಂಡಿ ತಿರುಗಿಸುವುದು ಇಂಥವರಿಗೆ ಅಪಾಯ. ರಕ್ತದಲ್ಲಿ ಇಂಗಾಲದ ಡೈಆಕ್ಸೈಡ್ ಏರಿ ಮಂಪರು, ಗೊಂದಲ, ತಲೆನೋವು ಬರುತ್ತದೆ, ಆಮೇಲೆ ಎಚ್ಚರ ತಪ್ಪುತ್ತದೆ, ಅಷ್ಟು ಹೊತ್ತೂ ಆಕ್ಸಿಮೀಟರ್ ಚೆನ್ನಾಗಿಯೇ ತೋರಿಸುತ್ತಿರುತ್ತದೆ. ಆಸ್ಟ್ರೇಲಿಯಾದ ಟಾಸ್ಮೇನಿಯಾದಲ್ಲಿ ಆಂಬುಲೆನ್ಸಿನಲ್ಲೇ ನಡೆಸಿ 2010ರಲ್ಲಿ ಪ್ರಕಟಿಸಿದ ಪ್ರಯೋಗದಲ್ಲಿ, ಸಿಒಪಿಡಿ ಉಲ್ಬಣಿಸಿದವರಿಗೆ ಧಾರಾಳವಾಗಿ ಆಕ್ಸಿಜನ್ ಕೊಡುವ ಬದಲು 88ರಿಂದ 92ಕ್ಕೆ ಅಳೆದು ಕೊಟ್ಟಾಗ ಸಾವು ಅರ್ಧಕ್ಕಿಂತಲೂ ಕಡಿಮೆಯಾಯಿತು. ನಿಮ್ಮ ತಾಯಿಯ ಗುರಿ ಎಷ್ಟು, ನಿಮಿಷಕ್ಕೆ ಎಷ್ಟು ಲೀಟರ್, ದಿನಕ್ಕೆ ಎಷ್ಟು ಗಂಟೆ ಎಂಬುದನ್ನು ಡಾಕ್ಟರ ಕೈಯಲ್ಲೇ ಚೀಟಿಯಲ್ಲಿ ಬರೆಸಿಕೊಂಡು ಕಾನ್ಸಂಟ್ರೇಟರ್‌ಗೆ ಅಂಟಿಸಿ. (ಒಲೆ, ದೇವರ ದೀಪ, ಬೀಡಿ ಇವೆಲ್ಲ ಕಾನ್ಸಂಟ್ರೇಟರ್‌ನಿಂದ ದೂರವಿರಲಿ. ಆಕ್ಸಿಜನ್ ತಾಗಿದ ಬಟ್ಟೆಗೆ ಕಿಡಿ ಸಾಕು.)

ರಾತ್ರಿ ಎರಡು ಗಂಟೆಗೆ ಏಳುವುದನ್ನು ಬಿಡಿ. ನಿದ್ದೆಯಲ್ಲಿ ಎಲ್ಲರ ಉಸಿರೂ ಹಗುರವಾಗಿ ಅಂಕಿ ಸ್ವಲ್ಪ ಇಳಿಯುತ್ತದೆ, ಸಿಒಪಿಡಿಯವರಲ್ಲಿ ಇನ್ನೂ ಕೊಂಚ ಹೆಚ್ಚು. ಹೊದಿಕೆಯಿಂದ ಎಳೆದ ಕೈಗೆ, ಅರೆನಿದ್ದೆಯಲ್ಲಿ, ಒಂದು ಕ್ಷಣ ಹಾಕಿದ ಅಂಕಿಯಿಂದ ಏನೂ ತಿಳಿಯುವುದಿಲ್ಲ. ಬೆಳಿಗ್ಗೆ ಎದ್ದಾಗ ತಲೆನೋವು, ಹಗಲೆಲ್ಲ ತೂಕಡಿಕೆ ಇದ್ದರೆ ರಾತ್ರಿಯಿಡೀ ದಾಖಲಿಸುವ ಆಕ್ಸಿಮೀಟರ್ ಪರೀಕ್ಷೆ ಬೇಕೇ ಎಂದು ಡಾಕ್ಟರನ್ನು ಕೇಳಿ. ಮನೆಯಲ್ಲಿ ಬೆಳಿಗ್ಗೆ ಒಮ್ಮೆ, ಸಂಜೆ ಒಮ್ಮೆ ಸಾಕು. ಅವರು ಚೆನ್ನಾಗಿರುವ ಒಂದು ವಾರ ನೋಟ್‌ಬುಕ್ಕಿನಲ್ಲಿ ಒಂದೊಂದು ಸಾಲು ಬರೆಯಿರಿ, ಹೀಗೆ: "ಬೆ. 7:10, ಕುಳಿತು, ಉಸಿರು 20, ನಾಡಿ 84 ಸಮ, ಆಕ್ಸಿಜನ್ 92, ಬಲಗೈ ನಡುಬೆರಳು, ಕಾನ್ಸಂಟ್ರೇಟರ್ ಇಲ್ಲದೆ." ಈ ಏಳು ದಿನದ ಸಾಲುಗಳೇ ಅವರ ಅಳತೆಗೋಲು. ಮುಂದೆ ಉಸಿರು ಅವರ ಸಹಜಕ್ಕಿಂತ ಐದಾರು ಹೆಚ್ಚಾದರೆ, ಆಕ್ಸಿಜನ್ ಮೂರು ನಾಲ್ಕು ಇಳಿದು ನಿಂತರೆ, ಕಫದ ಬಣ್ಣ ಹಸಿರಾಗಿ ಪ್ರಮಾಣ ಹೆಚ್ಚಿದರೆ ಅದೇ ದಿನ ಡಾಕ್ಟರಿಗೆ ಹೇಳಿ.

ಮಗುವಿಗೆ ಈ ಯಂತ್ರ ಬೇಡ. ದೊಡ್ಡವರ ಕ್ಲಿಪ್ಪಿನಲ್ಲಿ ಪುಟ್ಟ ಬೆರಳು ಸಡಿಲವಾಗಿ ಕೂತು ಬೆಳಕು ಪಕ್ಕದಿಂದ ಹಾಯುತ್ತದೆ, ಅಂಕಿ ಎತ್ತಲಾದರೂ ತಪ್ಪಬಹುದು. ಮಕ್ಕಳಿಗೆ ಕಾಲ್ಬೆರಳಿಗೋ ಪಾದಕ್ಕೋ ಸುತ್ತುವ ಬೇರೆ ಪಟ್ಟಿ ಇರುತ್ತದೆ. ಮಗುವಿಗೆ ಉಸಿರಿನ ಎಣಿಕೆಯೇ ದೊಡ್ಡ ಪರೀಕ್ಷೆ. ಅಂಗಿ ಎತ್ತಿ, ಅಳದೆ ಮಲಗಿದ್ದಾಗ, ಹಾಲು ಕುಡಿಯದೆ ಇರುವಾಗ ಪೂರ್ತಿ ನಿಮಿಷ ಎಣಿಸಿ. ವಿಶ್ವ ಆರೋಗ್ಯ ಸಂಸ್ಥೆಯ ಮಿತಿ: ಎರಡು ತಿಂಗಳೊಳಗಿನ ಕೂಸಿಗೆ 60, ಎರಡು ತಿಂಗಳಿನಿಂದ ಒಂದು ವರ್ಷದೊಳಗೆ 50, ಒಂದರಿಂದ ಐದು ವರ್ಷದೊಳಗೆ 40. ಕೆಮ್ಮಿರುವ ನಿಮ್ಮ ಒಂದೂವರೆ ವರ್ಷದ ಮಗು 40 ಅಥವಾ ಹೆಚ್ಚು ಉಸಿರಾಡುತ್ತಿದ್ದರೆ ನ್ಯುಮೋನಿಯಾ ಇರಬಹುದು ಎಂದೇ ತಿಳಿದು ಅಂದೇ ತೋರಿಸಿ. ಉಸಿರೆಳೆದಾಗ ಪಕ್ಕೆಲುಬಿನ ಕೆಳಭಾಗ ಒಳಕ್ಕೆ ಸೆಳೆದುಕೊಂಡರೆ, ಕುಡಿಯಲು ಆಗದಿದ್ದರೆ, ಎಬ್ಬಿಸಿದರೂ ಮಂಕಾಗಿದ್ದರೆ ತಡಮಾಡದೆ ಆಸ್ಪತ್ರೆಗೆ ಹೊರಡಿ.

ತಾಯಿಯ ವಿಷಯದಲ್ಲಿ 108ಕ್ಕೆ ಕರೆ ಮಾಡಬೇಕಾದದ್ದು ಯಾವಾಗ? ಉಸಿರು 25 ದಾಟಿ ಇನ್ಹೇಲರ್ ಕೊಟ್ಟರೂ ಇಳಿಯದಿದ್ದಾಗ, ಬೆಚ್ಚಗಿನ ಬೆರಳಲ್ಲಿ, ಸರಿಯಾದ ಅಲೆಯೊಂದಿಗೆ ಎರಡು ಸಲ ನೋಡಿದರೂ 88ರ ಕೆಳಗಿದ್ದಾಗ, ತುಟಿ ನಾಲಗೆ ನೀಲಿಯಾದಾಗ, ಮಾತು ತೊದಲಿದಾಗ ಅಥವಾ ಮಂಪರು ಬಂದಾಗ, ಎದೆನೋವು ಬಂದಾಗ. ಇವುಗಳಲ್ಲಿ ಒಂದಿದ್ದರೂ ಸಾಕು. ಬರುವವರೆಗೆ ಮಲಗಿಸಬೇಡಿ. ಕುರ್ಚಿಯಲ್ಲಿ ಕೂರಿಸಿ, ಮುಂದಿನ ಮೇಜಿನ ಮೇಲೆ ಎರಡು ದಿಂಬಿಟ್ಟು ಮೊಣಕೈ ಊರಿ ಮುಂದಕ್ಕೆ ಬಾಗಲಿ. ಹಾಗೆ ಕೂತಾಗ ಎದೆಗೂಡನ್ನು ಎತ್ತುವ ಸ್ನಾಯುಗಳಿಗೆ ಆಧಾರ ಸಿಗುತ್ತದೆ. ನೋಟ್‌ಬುಕ್, ಔಷಧಿ ಚೀಟಿ, ಇನ್ಹೇಲರ್ ಒಂದು ಚೀಲದಲ್ಲಿ ಸಿದ್ಧವಿರಲಿ. ಆಂಬುಲೆನ್ಸಿನವರು ಮಾಸ್ಕ್ ಕೈಗೆತ್ತಿಕೊಳ್ಳುವ ಮೊದಲೇ ಇಷ್ಟು ಹೇಳಿ: "ಇವರಿಗೆ ಸಿಒಪಿಡಿ ಇದೆ, ಆಕ್ಸಿಜನ್ ಗುರಿ ಡಾಕ್ಟರ್ ಬರೆದ ಈ ಚೀಟಿಯಲ್ಲಿದೆ, ಚೆನ್ನಾಗಿದ್ದಾಗ ಇವರ ಅಂಕಿ ಇಷ್ಟು."